ಕರಿರೆಕ್ಕೆಯ ದೂತನ ಕಣ್ಣೀರು

ಬೆಲ್ಜಿಯಂ ದೇಶದ ಲಿಯೇಜ್ ನಗರದಲ್ಲಿ ಸಂತ ಪೌಲರ ಪ್ರಧಾನಾಲಯವಿದೆ. ಅಲ್ಲಿನ ಪ್ರವಚನ ಪೀಠ ಕೆಡುಕಿನ ಮೇಲೆ ಧರ್ಮದ ಜಯವನ್ನು ಸಾರುವ ಭವ್ಯವಾದ ಕಲಾಕೃತಿ. ಜಯವನ್ನು ತೋರಿಸಬೇಕಾದರೆ ಸೋತವನನ್ನೂ ತೋರಿಸಬೇಕಷ್ಟೆ. ಆ ಸೋತವನನ್ನು, ಅಂದರೆ ಪತಿತ ದೇವದೂತನನ್ನು, ಅಮೃತಶಿಲೆಯಲ್ಲಿ ಕಡೆಯುವ ಕಾರ್ಯ ಜೋಸೆಫ್ ಗೀಫ್ಸ್ ಎಂಬ ಶಿಲ್ಪಿಯ ಪಾಲಿಗೆ ಬಂತು. 1842ರಲ್ಲಿ ಅವರು ಮುಗಿಸಿದ ಪ್ರತಿಮೆಗೆ ಬಾವಲಿಯ ರೆಕ್ಕೆಗಳಿದ್ದವು, ಕಾಲ ಬಳಿ ಹಾವೂ ಇತ್ತು. ಆದರೆ ಮುಖ ಮತ್ತು ಮೈಕಟ್ಟು ಅತಿ ಸುಂದರನಾದ ತರುಣನದಾಗಿತ್ತು. ಪ್ರವಚನ ಕೇಳಬೇಕಾದ ಭಕ್ತಾದಿಗಳ ಕಣ್ಣು ಪ್ರವಚನಕಾರರನ್ನು ಬಿಟ್ಟು ಪೀಠದ ಬುಡದತ್ತಲೇ ಹೊರಳತೊಡಗಿತೆಂಬ ದೂರು ಎದ್ದಿತು. ಸೈತಾನ ಇಷ್ಟು ಚೆಲುವನಾಗಿದ್ದರೆ ಹೇಗೆ ಎಂದು ಅಂದಿನ ಧರ್ಮಾಧ್ಯಕ್ಷರು ಆ ಪ್ರತಿಮೆಯನ್ನು ತೆಗೆಸಿದರು. ಬದಲಿ ಪ್ರತಿಮೆಯ ಕೆಲಸ ಜೋಸೆಫರ ಅಣ್ಣ ಗೀಯೋಮ್ ಗೀಫ್ಸರಿಗೆ ವಹಿಸಲ್ಪಟ್ಟಿತು. 1848ರಲ್ಲಿ ಅಣ್ಣನ ಪ್ರತಿಮೆ ಸ್ಥಾಪನೆಗೊಂಡಿತು. ಅದು ತಮ್ಮನ ಪ್ರತಿಮೆಗಿಂತ ಒಂದು ಕೂದಲೆಳೆಯಷ್ಟೂ ಕಡಿಮೆ ಸುಂದರವಾಗಿರಲಿಲ್ಲ!

ಆದರೆ ಅಣ್ಣ ಕೆಲವು ಸಂಗತಿಗಳನ್ನು ಸೇರಿಸಿದ್ದರು. ಕಾಲಿಗೆ ಸಂಕೋಲೆ ಬಿಗಿದಿದೆ. ಕೂದಲ ನಡುವೆ ಎರಡು ಪುಟ್ಟ ಕೊಂಬುಗಳು ಇಣುಕುತ್ತಿವೆ. ಮುರಿದ ರಾಜದಂಡ, ಕಚ್ಚಿದ ಹಣ್ಣು ಪಕ್ಕದಲ್ಲಿವೆ. ತಲೆಯಿಂದ ತೆಗೆದ ಕಿರೀಟ ಕೈಯಲ್ಲಿದೆ. ಒಂದು ಕೈ ತಲೆಯ ಮೇಲೆ, ಬೀಳಲಿರುವ ಏಟನ್ನು ತಡೆಯುವಂತೆ. ಎಲ್ಲಕ್ಕಿಂತ ಮುಖ್ಯವಾಗಿ, ಆ ಮುಖದ ಮೇಲೆ ಒಂದು ಹನಿ ಕಣ್ಣೀರಿದೆ.

ಕಳೆದ ಒಂದೂವರೆ ಶತಮಾನದಲ್ಲಿ ಕಲೆ, ಕಥೆ, ಚಲನಚಿತ್ರ, ಈಗ ಕಂಪ್ಯೂಟರ್ ಆಟಗಳವರೆಗೂ ಹಬ್ಬಿರುವ ಕರಿರೆಕ್ಕೆಯ ದೂತನ ಚಿತ್ರಗಳೆಲ್ಲ ಒಂದು ಬಗೆಯಲ್ಲಿ ಈ ಕಣ್ಣೀರಿನ ಹನಿಯ ಮೇಲಿನ ವ್ಯಾಖ್ಯಾನಗಳೆಂದು ನಮಗೆ ತೋರುತ್ತದೆ. ಆ ಹನಿ ಯಾವುದು? ಕೋಪದ್ದೇ, ನೋವಿನದೇ, ಪಶ್ಚಾತ್ತಾಪದ್ದೇ?

ಈ ಪ್ರಶ್ನೆ ನಮ್ಮ ಕುಟುಂಬಗಳಿಗೆ ದೂರದ್ದಲ್ಲ. ಭಾನುವಾರದ ಬಲಿಪೂಜೆ ಮುಗಿದ ಮೇಲೆ ತಾಯಂದಿರು ನಮ್ಮ ಬಳಿ ಬಂದು, "ಫಾದರ್, ಮಗ ಕೋಣೆಯ ಗೋಡೆಗೆ ಕಪ್ಪು ರೆಕ್ಕೆಯ ಯಾವುದೋ ಚಿತ್ರ ಅಂಟಿಸಿದ್ದಾನೆ, ಅದು ಸೈತಾನನಂತೆ, ಮನೆಯಲ್ಲಿ ಇರಿಸಿಕೊಳ್ಳಬಹುದೇ?" ಎಂದು ಕೇಳುವುದುಂಟು. ಅಂಗಿಯ ಮೇಲೆ ಅದೇ, ಮೊಬೈಲಿನ ಪರದೆಯ ಮೇಲೆ ಅದೇ, ತೋಳಿನ ಹಚ್ಚೆಯಲ್ಲೂ ಅದೇ. ಹರಿದು ಬಿಸಾಡಿ ಎಂದು ಒಂದು ಮಾತಿನಲ್ಲಿ ಹೇಳಿಬಿಡುವುದು ಸುಲಭ. ಹಾಗೆ ಹೇಳುವ ಮುನ್ನ ಆ ಚಿತ್ರ ಎಲ್ಲಿಂದ ಬಂತು, ಏನು ಹೇಳುತ್ತಿದೆ ಎಂಬುದನ್ನು ಸ್ವಲ್ಪ ವಿಚಾರಿಸುವುದು ಒಳಿತು.

ಬೆಳ್ಳಿಯ ಹೆಸರು

ಪವಿತ್ರ ಗ್ರಂಥವು ದೂತರ ಪತನವನ್ನು ಕುರಿತು ಆಡುವ ಮಾತು ಬಹಳ ಕಡಿಮೆ. ಸೈತಾನನು ಮಿಂಚಿನಂತೆ ಆಕಾಶದಿಂದ ಬಿದ್ದುದನ್ನು ಕಂಡೆನೆಂದು ಪ್ರಭು ಯೇಸು ಹೇಳಿದ್ದನ್ನು ಸಂತ ಲೂಕರು ದಾಖಲಿಸಿದ್ದಾರೆ. ಪೇತ್ರನ ಎರಡನೆಯ ಪತ್ರ ಮತ್ತು ಯೂದನ ಪತ್ರಗಳಲ್ಲಿ ಪಾಪ ಮಾಡಿದ ದೂತರು ಕತ್ತಲಲ್ಲಿ ಬಂಧಿತರಾದ ಉಲ್ಲೇಖವಿದೆ. ಪ್ರಕಟನಾ ಗ್ರಂಥದಲ್ಲಿ ಮಿಕಾಯೇಲನ ಯುದ್ಧವಿದೆ. ಕೊರಿಂಥದವರಿಗೆ ಬರೆಯುತ್ತಾ ಸಂತ ಪೌಲರು, ಸೈತಾನನು ಬೆಳಕಿನ ದೂತನ ವೇಷವನ್ನೇ ಧರಿಸಬಲ್ಲನೆಂದು ಎಚ್ಚರಿಸುತ್ತಾರೆ. ಲಿಯೇಜಿನ ಭಕ್ತಾದಿಗಳು ಈ ಎಚ್ಚರಿಕೆಯನ್ನು ನೆನೆದಿದ್ದರೆ ಪ್ರತಿಮೆಯ ಚೆಲುವನ್ನು ಕಂಡು ಅಷ್ಟು ಗಾಬರಿಪಡಬೇಕಾಗಿರಲಿಲ್ಲ.

ಲೂಸಿಫರ್ ಎಂಬ ಹೆಸರಿನ ಕಥೆ ಇನ್ನೂ ಸ್ವಾರಸ್ಯಕರ. ಲತೀನಿನಲ್ಲಿ ಆ ಪದಕ್ಕೆ ಬೆಳಕು ಹೊತ್ತವನು ಎಂದರ್ಥ. ಅದು ಮುಂಜಾನೆಯ ಬೆಳ್ಳಿಯ ಹೆಸರು. ಪ್ರವಾದಿ ಯೆಶಾಯನ ಹದಿನಾಲ್ಕನೆಯ ಅಧ್ಯಾಯದಲ್ಲಿ ಬಾಬಿಲೋನಿನ ದರ್ಪಿಷ್ಠ ರಾಜನ ಪತನವನ್ನು ಆಕಾಶದಿಂದ ಉದುರಿದ ಬೆಳ್ಳಿಗೆ ಹೋಲಿಸಲಾಗಿದೆ. ಸಭಾಪಿತೃಗಳು ಆ ರಾಜನಲ್ಲಿ ಸೈತಾನನ ನೆರಳನ್ನು ಕಂಡರು. ಹೆಸರು ಅಲ್ಲಿಗೆ ಅಂಟಿಕೊಂಡಿತು. ಆದರೆ ಪಾಸ್ಕ ಜಾಗರಣೆಯ ರಾತ್ರಿ ಮೇಣದ ಕಂಬದ ಮುಂದೆ ಹಾಡಲಾಗುವ ಲತೀನ್ ಸ್ತುತಿಗೀತೆಯಲ್ಲಿ ಅದೇ ಪದ ಪುನರುತ್ಥಾನರಾದ ಕ್ರಿಸ್ತರಿಗೆ ಸಲ್ಲುತ್ತದೆ! ನಾಲ್ಕನೆಯ ಶತಮಾನದಲ್ಲಿ ಸಾರ್ಡಿನಿಯಾ ದ್ವೀಪದ ಧರ್ಮಾಧ್ಯಕ್ಷರೊಬ್ಬರ ಹೆಸರೂ ಲೂಸಿಫರ್ ಎಂದೇ ಇತ್ತು. ಹೆಸರಿನಲ್ಲಿ ಕೇಡಿಲ್ಲ. ಬೆಳಕನ್ನು ಹೊತ್ತವನು ಅದು ತನ್ನದೇ ಬೆಳಕೆಂದು ಬಗೆದದ್ದರಲ್ಲಿ ಕೇಡಿದೆ.

ಚಿತ್ರಗಳಿಗೆ ಬರೋಣ. ಇಟಲಿಯ ರವೆನ್ನಾ ನಗರದ ಹೊಸ ಸಂತ ಅಪೊಲ್ಲಿನಾರೆ ದೇವಾಲಯದಲ್ಲಿ ಆರನೆಯ ಶತಮಾನದ ಗಾಜಿನ ಚೂರುಗಳ ಚಿತ್ರವೊಂದಿದೆ. ಕ್ರಿಸ್ತರು ಕುರಿಗಳನ್ನೂ ಆಡುಗಳನ್ನೂ ಬೇರ್ಪಡಿಸುತ್ತಿದ್ದಾರೆ. ಕುರಿಗಳ ಹಿಂದೆ ಕೆಂಪು ಬಣ್ಣದ ದೂತ, ಆಡುಗಳ ಹಿಂದೆ ನೀಲಿ ಬಣ್ಣದ ದೂತ. ಆ ನೀಲಿ ದೂತನೇ ಕ್ರೈಸ್ತ ಕಲೆಯಲ್ಲಿ ಉಳಿದುಬಂದಿರುವ ಸೈತಾನನ ಅತ್ಯಂತ ಹಳೆಯ ಚಿತ್ರವಿರಬೇಕೆಂದು ಹಲವು ವಿದ್ವಾಂಸರ ಊಹೆ. ಅವನಿಗೆ ಕೊಂಬಿಲ್ಲ, ಬಾಲವಿಲ್ಲ, ಕೋರೆಹಲ್ಲಿಲ್ಲ. ಇಬ್ಬರ ನಡುವಿನ ಅಂತರ ಬಣ್ಣದ್ದು ಮಾತ್ರ. ಕೊಂಬು, ಗೊರಸು, ಬಾವಲಿಯ ರೆಕ್ಕೆಗಳೆಲ್ಲ ಮಧ್ಯಯುಗದ ಕೊಡುಗೆ. 1562ರಲ್ಲಿ ಬ್ರೂಗೆಲ್ ರಚಿಸಿದ ಬಂಡಾಯ ದೂತರ ಪತನದ ಚಿತ್ರದಲ್ಲಂತೂ ಬೀಳುತ್ತಾ ಬೀಳುತ್ತಲೇ ದೂತರು ಮೀನು, ಕಪ್ಪೆ, ಕೀಟಗಳಾಗಿ ಬದಲಾಗುತ್ತಿರುತ್ತಾರೆ. ಪಾಪ ನಮ್ಮ ರೂಪವನ್ನು ಕಲಸಿಬಿಡುತ್ತದೆ ಎಂಬುದನ್ನು ಅಷ್ಟು ಪರಿಣಾಮಕಾರಿಯಾಗಿ ತೋರಿಸಿದ ಇನ್ನೊಂದು ಚಿತ್ರವನ್ನು ನಾವರಿಯೆವು.

ಕವಿ ಡಾಂಟೆಯ ಕಲ್ಪನೆ ಇನ್ನೂ ಗಂಭೀರವಾದುದು. ಆತನ ನರಕದ ತಳದಲ್ಲಿ ಬೆಂಕಿಯಿಲ್ಲ, ಮಂಜುಗಡ್ಡೆಯಿದೆ. ಲೂಸಿಫರ್ ಎದೆಮಟ್ಟ ಅದರಲ್ಲಿ ಹೂತುಹೋಗಿದ್ದಾನೆ. ಮೂರು ಮುಖ, ಆರು ಕಣ್ಣು, ಬಾವಲಿಯಂಥ ಆರು ರೆಕ್ಕೆ. ಆರೂ ಕಣ್ಣುಗಳಿಂದ ಅಳುತ್ತಾನೆ. ಮೇಲೇರಬೇಕೆಂದು ಎಡೆಬಿಡದೆ ರೆಕ್ಕೆ ಬಡಿಯುತ್ತಾನೆ. ಆ ಬಡಿತದಿಂದ ಏಳುವ ಗಾಳಿಯೇ ಸುತ್ತಲ ನೀರನ್ನು ಹೆಪ್ಪುಗಟ್ಟಿಸಿ ಅವನನ್ನು ಸೆರೆಯಲ್ಲಿಡುತ್ತದೆ. ತನ್ನ ಬಲದಿಂದಲೇ ಮೇಲೇರುವೆನೆಂಬ ಹಟ ಎಷ್ಟು ಹೆಚ್ಚುತ್ತದೋ ಬಂಧನವೂ ಅಷ್ಟೇ ಬಿಗಿಯಾಗುತ್ತದೆ. ಅವನ ಕಣ್ಣೀರು ಯಾರನ್ನೂ ಕರೆಯುವುದಿಲ್ಲ, ಯಾರ ಕಡೆಗೂ ಹರಿಯುವುದಿಲ್ಲ.

1667ರಲ್ಲಿ ಪ್ರಕಟವಾದ ಇಂಗ್ಲಿಷ್ ಕವಿ ಮಿಲ್ಟನ್ನನ ಮಹಾಕಾವ್ಯ ಈ ಮಂಜುಗಡ್ಡೆಯಿಂದ ಸೈತಾನನನ್ನು ಎಬ್ಬಿಸಿ ನಿಲ್ಲಿಸಿತು. ಅಲ್ಲಿ ಅವನು ಸೋತ ಸೇನಾಪತಿ, ವಾಗ್ಮಿ, ಗಾಯಗೊಂಡ ರಾಜಕುಮಾರ. ಮಿಲ್ಟನ್ನನ ಉದ್ದೇಶ ದೇವರ ಮಾರ್ಗವನ್ನು ಸಮರ್ಥಿಸುವುದಾಗಿದ್ದರೂ ಓದುಗರ ಕಣ್ಣು ಮಾತ್ರ ಲಿಯೇಜಿನ ಭಕ್ತಾದಿಗಳಂತೆ ಪೀಠದ ಬುಡಕ್ಕೇ ಹೋಯಿತು. ಆದರೆ ಆ ಕಾವ್ಯದ ನಾಲ್ಕನೆಯ ಭಾಗದಲ್ಲಿ ಬೆಟ್ಟವೊಂದರ ಮೇಲೆ ನಿಂತ ಸೈತಾನ ತನ್ನೊಳಗೇ ವಾದಿಸುವ ಪ್ರಸಂಗವೊಂದಿದೆ. ಕಾವ್ಯವನ್ನು ಓದಬಲ್ಲವರು ಅದನ್ನು ತಪ್ಪದೆ ಓದಬೇಕು. ಪಶ್ಚಾತ್ತಾಪಕ್ಕೆ ಇನ್ನೂ ಎಡೆಯಿಲ್ಲವೇ ಎಂದು ಅವನು ಕೇಳಿಕೊಳ್ಳುತ್ತಾನೆ. ಎಡೆಯಿದೆ, ಶರಣಾಗತಿ ಎಂಬ ಒಂದೇ ಬಾಗಿಲಿನಿಂದ. ಅಲ್ಲಿಗೆ ನಿಲ್ಲುತ್ತಾನೆ. ಯಾಕೆ? ತನ್ನನ್ನು ನಂಬಿ ಕೆಳಗೆ ಬಿದ್ದ ಅನುಚರರು ಏನೆಂದುಕೊಂಡಾರು ಎಂಬ ನಾಚಿಕೆ! ನಾಲ್ಕು ಜನ ಏನೆಂದಾರು ಎಂಬ ಈ ಮಾತಿನಿಂದಾಗಿ ಪಾಪನಿವೇದನೆಗೆ ಬಾರದೆ ಉಳಿದವರನ್ನು ಮೂವತ್ತು ವರ್ಷಗಳ ಗುರುಜೀವನದಲ್ಲಿ ನಾವು ಎಷ್ಟು ಮಂದಿಯನ್ನು ಕಂಡಿಲ್ಲ!

ಹತ್ತೊಂಬತ್ತನೆಯ ಶತಮಾನ ಈ ಗಾಯಗೊಂಡ ರಾಜಕುಮಾರನನ್ನು ಬಾಚಿ ತಬ್ಬಿಕೊಂಡಿತು. ಗುಸ್ತಾವ್ ಡೋರೆ 1866ರಲ್ಲಿ ಮಿಲ್ಟನ್ನನ ಕಾವ್ಯಕ್ಕೆ ಚಿತ್ರಗಳನ್ನು ಬರೆದ. ಅದಕ್ಕೂ ಮೊದಲು 1847ರಲ್ಲಿ ಅಲೆಕ್ಸಾಂಡರ್ ಕಬಾನೆಲ್ ಎಂಬ ಇಪ್ಪತ್ತನಾಲ್ಕರ ಹರೆಯದ ಫ್ರೆಂಚ್ ವಿದ್ಯಾರ್ಥಿ ರೋಮ್ ನಗರದಲ್ಲಿದ್ದಾಗ ಪತಿತ ದೂತನ ಚಿತ್ರವೊಂದನ್ನು ರಚಿಸಿದ್ದ. ಇಂದು ಅದು ಮೊಂಪೆಲಿಯೇ ನಗರದ ಸಂಗ್ರಹಾಲಯದಲ್ಲಿದೆ. ಮಡಿಸಿದ ತೋಳಿನ ಮರೆಯಿಂದ ಎರಡು ಕಣ್ಣು ದಿಟ್ಟಿಸುತ್ತವೆ, ಅಂಚಿನಲ್ಲಿ ನೀರು ತುಂಬಿದೆ. ಅಂದಿನ ಪರೀಕ್ಷಕರು ಮೆಚ್ಚದ ಈ ಚಿತ್ರ ಇಂದು ಮೊಬೈಲ್ ಫೋನುಗಳ ಮೂಲಕ ಜಗತ್ತಿನ ಹದಿಹರೆಯದವರೆಲ್ಲರ ಕೈಗೆ ಬಂದಿದೆ. ನಮ್ಮ ಯುವಜನರ ಸಭೆಯಲ್ಲಿ ಈ ಚಿತ್ರವನ್ನು ತೋರಿಸಿ ಯಾರಿದು ಎಂದು ಕೇಳಿದಾಗ ಹೆಸರು ಹೇಳಬಲ್ಲವರು ಯಾರೂ ಇರಲಿಲ್ಲ. ಎಲ್ಲೋ ಕಂಡಿದ್ದೇನೆ ಎಂದವರೇ ಹೆಚ್ಚು. ಆ ಕಣ್ಣುಗಳಲ್ಲಿ ಏನಿದೆ ಎಂದು ಕೇಳಿದಾಗ ಒಬ್ಬಳು ಹುಡುಗಿ, "ದುಃಖ" ಎಂದಳು. ಅವಳ ಪಕ್ಕದವಳು, "ದುಃಖವಲ್ಲ ಫಾದರ್, ಸೇಡು" ಎಂದಳು. ಇಬ್ಬರೂ ಸರಿ. ಅವಮಾನಗೊಂಡ ಅಹಂಕಾರವೂ ಅಳುತ್ತದೆ.

ರಷ್ಯಾದ ಚಿತ್ರಕಾರ ಮಿಖಾಯಿಲ್ ವ್ರೂಬೆಲನ ಕಥೆ ನೋವಿನದು. ಕವಿ ಲೆರ್ಮೊಂತೊವನ ಕಾವ್ಯವೊಂದರಲ್ಲಿ ಒಂಟಿತನದಿಂದ ಬೇಸತ್ತ ಪಿಶಾಚಿಯೊಂದು ತಮಾರಾ ಎಂಬ ಕನ್ಯೆಯನ್ನು ಪ್ರೀತಿಸಿ, ಆ ಪ್ರೀತಿಯಿಂದ ತನಗೆ ಬಿಡುಗಡೆ ಸಿಕ್ಕೀತೆಂದು ಆಸೆಪಡುತ್ತದೆ. ಅದರ ಮುತ್ತಿನಿಂದ ಅವಳು ಸಾಯುತ್ತಾಳೆ. ದೇವದೂತನು ಅವಳ ಆತ್ಮವನ್ನು ಸ್ವರ್ಗಕ್ಕೆ ಒಯ್ಯುತ್ತಾನೆ. ಪಿಶಾಚಿ ಮೊದಲಿನಂತೆ ಒಂಟಿ. ವ್ರೂಬೆಲ್ 1890ರಲ್ಲಿ ಆ ಪಿಶಾಚಿಯನ್ನು ಮೊಣಕಾಲನ್ನು ಅಪ್ಪಿ ಕುಳಿತ ಬಲಿಷ್ಠ ತರುಣನಂತೆ ಚಿತ್ರಿಸಿದ. 1902ರಲ್ಲಿ ಮತ್ತೆ ಅದೇ ವಿಷಯವನ್ನು ಕೈಗೆತ್ತಿಕೊಂಡು, ಬಂಡೆಗಳ ನಡುವೆ ರೆಕ್ಕೆ ಮುರಿದು ಬಿದ್ದವನನ್ನು ಚಿತ್ರಿಸಿದ. ಪ್ರದರ್ಶನ ಆರಂಭವಾದ ಮೇಲೂ ಕುಂಚ ಹಿಡಿದು ಬಂದು ಆ ಮುಖವನ್ನು ತಿದ್ದುತ್ತಲೇ ಇದ್ದನಂತೆ. ಅದೇ ವರ್ಷ ಮಾನಸಿಕ ಅಸ್ವಸ್ಥತೆಯಿಂದ ಆಸ್ಪತ್ರೆ ಸೇರಿದ, 1910ರಲ್ಲಿ ತೀರಿಕೊಂಡ. ಸೈತಾನನ ಚಿತ್ರ ಬರೆದದ್ದರ ಶಿಕ್ಷೆ ಅದು ಎಂದು ಹೇಳುವವರಿದ್ದಾರೆ. ಅಂಥ ಮಾತು ಕ್ರೈಸ್ತರ ಬಾಯಿಗೆ ಶೋಭಿಸದು. ರೋಗ ರೋಗವೇ. ಆ ಮುಖಕ್ಕೆ ಯಾವ ಭಾವ ಕೊಡಬೇಕೆಂದು ಅವನಿಗೆ ಕೊನೆಯವರೆಗೂ ನಿಶ್ಚಯವಾಗಲಿಲ್ಲ ಎಂಬುದಷ್ಟೇ ನಮ್ಮನ್ನು ಕಾಡುವ ಸಂಗತಿ.

ದೂತನಿಗೆ ಏಕಿಲ್ಲ, ನಮಗೆ ಏಕುಂಟು

ಹಾಗಾದರೆ ಪತಿತ ದೂತನಿಗೆ ವಿಮೋಚನೆ ಉಂಟೇ? ಮೂರನೆಯ ಶತಮಾನದ ಮಹಾಪಂಡಿತ ಒರಿಜೆನನ ಚಿಂತನೆಯಲ್ಲಿ, ಸೃಷ್ಟಿಯೆಲ್ಲವೂ ಕೊನೆಗೆ ದೇವರಲ್ಲಿಗೆ ಮರಳುವುದೆಂಬ ಎಳೆಯಿತ್ತು; ದೆವ್ವಗಳಿಗೂ ಮರಳುವ ದಾರಿಯಿದೆ ಎಂಬ ಅಭಿಪ್ರಾಯವನ್ನು ಅವನ ಹೆಸರಿಗೆ ಜೋಡಿಸಲಾಯಿತು. 543ರಲ್ಲಿ ಕಾನ್‌ಸ್ಟಾಂಟಿನೋಪಲಿನ ಸಭೆ ಆ ಅಭಿಪ್ರಾಯವನ್ನು ತಿರಸ್ಕರಿಸಿತು. ಇಪ್ಪತ್ತನೆಯ ಶತಮಾನದಲ್ಲಿ ಇಟಲಿಯ ಕಥೋಲಿಕ ಲೇಖಕ ಜೊವಾನ್ನಿ ಪಾಪಿನಿ 1953ರಲ್ಲಿ ಸೈತಾನನ ಕುರಿತ ತನ್ನ ಪುಸ್ತಕದಲ್ಲಿ ಅವನಿಗೂ ಎಂದಾದರೂ ಕ್ಷಮೆ ಸಿಕ್ಕೀತೆಂಬ ಆಸೆಯನ್ನು ವ್ಯಕ್ತಪಡಿಸಿ ದೊಡ್ಡ ಕೋಲಾಹಲಕ್ಕೆ ಕಾರಣನಾದ. ಧರ್ಮಸಭೆಯ ಬೋಧನೆ ಸ್ಪಷ್ಟವಾಗಿದೆ. 1992ರ ಕಥೋಲಿಕ ಧರ್ಮೋಪದೇಶ ಗ್ರಂಥದ 393ನೆಯ ಪರಿಚ್ಛೇದವು, ದೂತರ ಪಾಪ ಕ್ಷಮಿಸಲಾಗದಂಥದ್ದು ಆದದ್ದು ದೇವರ ಕರುಣೆಯಲ್ಲಿನ ಕೊರತೆಯಿಂದಲ್ಲ, ಹಿಂದೆಗೆಯಲಾಗದ ಅವರ ಆಯ್ಕೆಯ ಸ್ವಭಾವದಿಂದ ಎಂದು ತಿಳಿಸುತ್ತದೆ.

ಸಂತ ಥಾಮಸ್ ಅಕ್ವಿನಾಸರು ಇದಕ್ಕೆ ಕೊಡುವ ಕಾರಣವನ್ನು ಗುರುಮಠದಲ್ಲಿ ತತ್ತ್ವಶಾಸ್ತ್ರ ಓದುವಾಗ ನಾವು ಬಾಯಿಪಾಠ ಮಾಡಿದ್ದುಂಟು. ಅದರ ರುಚಿ ಹತ್ತಿದ್ದು ಬಹಳ ವರ್ಷಗಳ ಮೇಲೆ. ಮನುಷ್ಯನ ಬುದ್ಧಿ ಲಾಟೀನು ಹಿಡಿದು ಕತ್ತಲ ಓಣಿಯಲ್ಲಿ ನಡೆಯುವವನಂತೆ. ಎರಡು ಹೆಜ್ಜೆಯಷ್ಟೇ ಕಾಣುತ್ತದೆ. ಇಂದು ಒಂದು ಮಗ್ಗುಲನ್ನು ಕಂಡು ಆಯ್ಕೆ ಮಾಡುತ್ತೇವೆ, ನಾಳೆ ಇನ್ನೊಂದು ಮಗ್ಗುಲು ಕಂಡು ಅಯ್ಯೋ ಎನ್ನುತ್ತೇವೆ. ದೂತನ ಬುದ್ಧಿ ಹಾಗಲ್ಲ. ಅವನಿಗೆ ಓಣಿಯೇ ಇಲ್ಲ. ಒಂದೇ ನೋಟದಲ್ಲಿ ಎಲ್ಲವನ್ನೂ ಗ್ರಹಿಸುತ್ತಾನೆ. ಹಾಗೆ ಗ್ರಹಿಸಿ, ತನ್ನ ಇಡೀ ಸತ್ವದಿಂದ ಒಂದನ್ನು ಆರಿಸುತ್ತಾನೆ. ಆರಿಸಿದ ಮೇಲೆ 'ನನಗೆ ಗೊತ್ತಿರಲಿಲ್ಲ' ಎನ್ನಲು ಅವನಿಗೆ ಏನೂ ಉಳಿದಿರುವುದಿಲ್ಲ. ನಮಗೆ ಉಳಿದಿರುತ್ತದೆ. ನಮ್ಮ ಮಂದಬುದ್ಧಿ, ಮರೆವು, ದಣಿಯುವ ದೇಹ, ಬೆಳಗಾದರೆ ಬದಲಾಗುವ ಮನಸ್ಸು, ಇವೆಲ್ಲ ದೌರ್ಬಲ್ಯಗಳೆಂದೇ ನಾವು ಬಗೆಯುತ್ತೇವೆ. ಆದರೆ ಪಶ್ಚಾತ್ತಾಪಕ್ಕೆ ಎಡೆಮಾಡಿಕೊಡುವುದೂ ಇವೇ. ರಾತ್ರಿ ಮೂರು ಸಲ ಪ್ರಭುವನ್ನು ಅಲ್ಲಗಳೆದ ಪೇತ್ರ ಕೋಳಿ ಕೂಗುವ ಹೊತ್ತಿಗೆ ಅತ್ತ. ಅವನಿಗೆ ಒಂದು ರಾತ್ರಿಯೂ ಒಂದು ಕೋಳಿಯೂ ಬೇಕಾಯಿತು.

ನಮ್ಮ ನಾಡಿನ ಓದುಗರಿಗೆ ಇಲ್ಲಿ ಜಯವಿಜಯರ ನೆನಪಾಗಬಹುದು. ವೈಕುಂಠದ ಬಾಗಿಲು ಕಾಯುತ್ತಿದ್ದ ಅವರು ಶಾಪದಿಂದ ಕೆಳಗೆ ಬಿದ್ದು, ಮೂರು ಜನ್ಮ ವೈರಿಗಳಾಗಿ ಹುಟ್ಟಿ ಹಿಂದಿರುಗುವ ಕಥೆ ಯಕ್ಷಗಾನ ಕಂಡವರಿಗೆಲ್ಲ ತಿಳಿದದ್ದೇ. ಅಲ್ಲಿ ಪತನಕ್ಕೆ ಮೊದಲೇ ಅವಧಿ ಗೊತ್ತಾಗಿದೆ, ಮರಳುವಿಕೆಯೂ ಗೊತ್ತಾಗಿದೆ. ನಮ್ಮ ಶ್ರದ್ಧೆಯಲ್ಲಿ ಯಾರ ಪತನಕ್ಕೂ ಹೀಗೆ ಮೊದಲೇ ಅವಧಿ ಬರೆದಿಲ್ಲ. ಎರಡರ ಹೋಲಿಕೆ ದೊಡ್ಡ ವಿಷಯ, ಇನ್ನೊಂದು ವಾರಕ್ಕಿರಲಿ.

ಈಗ ಕಲ್ಪನಾಕಥೆಗಳವರ ವಿಚಾರ. ಅವರು ಅಕ್ವಿನಾಸರನ್ನು ಓದಿ ಬರೆಯುವವರಲ್ಲ. 2014ರ 'ಮಲೆಫಿಸೆಂಟ್' ಚಿತ್ರವನ್ನು ನಮ್ಮ ಎಷ್ಟೋ ಮನೆಗಳ ಮಕ್ಕಳು ನೋಡಿದ್ದಾರೆ. ನಂಬಿದವನೇ ರೆಕ್ಕೆಗಳನ್ನು ಕತ್ತರಿಸಿ ಒಯ್ದ ಮೇಲೆ ಕ್ರೂರಳಾದ ಯಕ್ಷಿಣಿ, ತಾನು ಶಪಿಸಿದ ಮಗುವನ್ನೇ ಮರೆಯಲ್ಲಿ ನಿಂತು ಕಾಯುತ್ತಾ ಕಾಯುತ್ತಾ ಪ್ರೀತಿಸತೊಡಗುತ್ತಾಳೆ. ಕೊಟ್ಟ ಶಾಪವನ್ನು ಹಿಂದೆಗೆಯಲು ಹೊರಟರೆ ಅದು ಹಿಂದೆಗೆಯಲು ಬಾರದು. ಕೊನೆಗೆ ಕಣ್ಣೀರಿಟ್ಟು ಕ್ಷಮೆ ಕೇಳಿ ಹಣೆಗೆ ಮುತ್ತಿಟ್ಟಾಗ ಮಗು ಎಚ್ಚರಗೊಳ್ಳುತ್ತದೆ. ಕಾಡಿನ ಯಕ್ಷಿಣಿಯ ಕಥೆ ಎಂದು ತಳ್ಳಿಹಾಕುವವರು, ಪಾಪದ ಕ್ಷಮೆಯಾದ ಮೇಲೂ ಅದರ ಪರಿಣಾಮ ಉಳಿಯುತ್ತದೆ ಎಂಬ ನಮ್ಮದೇ ಬೋಧನೆ ಅಲ್ಲಿರುವುದನ್ನು ಗಮನಿಸಬೇಕು.

2016ರಿಂದ 2021ರವರೆಗೆ ಬಂದ 'ಲೂಸಿಫರ್' ದೂರದರ್ಶನ ಧಾರಾವಾಹಿಯ ಬಗ್ಗೆ ಅಷ್ಟು ಉದಾರವಾಗಿರಲು ನಮ್ಮಿಂದ ಸಾಧ್ಯವಿಲ್ಲ. ನರಕಕ್ಕೆ ಬೇಸತ್ತು ಅಮೆರಿಕದ ಲಾಸ್ ಏಂಜಲಿಸಿನಲ್ಲಿ ಮದ್ಯದಂಗಡಿ ನಡೆಸುವ ಲೂಸಿಫರನ ವಿಲಾಸಕ್ಕೇ ಅದರ ಬಹುಭಾಗ ಸಂದಿದೆ. ಆದರೂ ಅದರ ಮುಕ್ತಾಯದಲ್ಲಿ ಅವನು ನರಕಕ್ಕೆ ಹಿಂದಿರುಗಿ, ಅಲ್ಲಿರುವ ಆತ್ಮಗಳು ತಮ್ಮ ಅಪರಾಧಪ್ರಜ್ಞೆಯನ್ನು ಎದುರಿಸಿ ಹೊರಬರಲು ನೆರವಾಗುವ ಕೆಲಸವನ್ನು ಆರಿಸಿಕೊಳ್ಳುತ್ತಾನೆ. ದೇವತಾಶಾಸ್ತ್ರವಾಗಿ ಇದು ನಿಲ್ಲುವುದಿಲ್ಲ. ನರಕವನ್ನು ಆಸ್ಪತ್ರೆಯಾಗಿಸಬೇಕೆಂಬ ಹಂಬಲ ಇಂದಿನ ಜನರಲ್ಲಿ ಎಷ್ಟಿದೆ ಎಂಬುದಕ್ಕೆ ಮಾತ್ರ ಅದು ಸಾಕ್ಷಿ.

ನಮ್ಮ ಅಭಿಪ್ರಾಯವನ್ನು ಹೀಗೆ ಹೇಳಬಹುದು. ದೂತರನ್ನು ಕುರಿತ ಕಥೆಗಳೆಂದು ತೆಗೆದುಕೊಂಡರೆ ಇವುಗಳಲ್ಲಿ ಹೆಚ್ಚಿನವು ತಪ್ಪು. ರೆಕ್ಕೆ ಹಚ್ಚಿಕೊಂಡ ಮನುಷ್ಯನ ಕಥೆಗಳೆಂದು ತೆಗೆದುಕೊಂಡರೆ ಹಲವು ಸರಿಯಾಗಿವೆ. ಚಿತ್ರಕಾರನಿಗೆ ದೂತನ ಮನಸ್ಸು ತಿಳಿಯದು. ಬಿದ್ದ ಮನುಷ್ಯನ ಮನಸ್ಸು ಚೆನ್ನಾಗಿ ತಿಳಿದಿದೆ. ಆದುದರಿಂದ ಆ ರೆಕ್ಕೆಗಳ ನಡುವೆ ಅವನು ಕೂರಿಸುವುದು ನಮ್ಮನ್ನೇ.

ಟೋಲ್ಕಿನರ ಮೆಟ್ಟಿಲುಗಳು

ಈ ವ್ಯತ್ಯಾಸವನ್ನು ಚೆನ್ನಾಗಿ ಅರಿತಿದ್ದ ಕಥೆಗಾರರೊಬ್ಬರಿದ್ದರು. 1892ರಲ್ಲಿ ಜನಿಸಿ 1973ರಲ್ಲಿ ನಿಧನರಾದ ಜೆ. ಆರ್. ಆರ್. ಟೋಲ್ಕಿನ್ ಆಕ್ಸ್‌ಫರ್ಡಿನಲ್ಲಿ ಪ್ರಾಧ್ಯಾಪಕರು, ಜೀವನಪೂರ್ತಿ ಶ್ರದ್ಧಾವಂತ ಕಥೋಲಿಕರು. ವಿಧವೆ ತಾಯಿ 1900ರಲ್ಲಿ ಬಂಧುಗಳ ವಿರೋಧವನ್ನು ಲೆಕ್ಕಿಸದೆ ಕಥೋಲಿಕ ಧರ್ಮಸಭೆಯನ್ನು ಸೇರಿದರು. 1904ರಲ್ಲಿ ಆಕೆ ತೀರಿಕೊಂಡಾಗ ಅನಾಥರಾದ ಇಬ್ಬರು ಗಂಡುಮಕ್ಕಳನ್ನು ಬರ್ಮಿಂಗ್‌ಹ್ಯಾಮಿನ ಧರ್ಮಗುರು ಫ್ರಾನ್ಸಿಸ್ ಮಾರ್ಗನ್ ನೋಡಿಕೊಂಡರು. 1954–55ರಲ್ಲಿ ಮೂರು ಸಂಪುಟಗಳಲ್ಲಿ ಬಂದ 'ಲಾರ್ಡ್ ಆಫ್ ದ ರಿಂಗ್ಸ್' ಕಥೆ ಲೋಕಪ್ರಸಿದ್ಧ. ಅದರ ಹಿನ್ನೆಲೆಯ ಪುರಾಣವಾದ 'ಸಿಲ್ಮರಿಲ್ಲಿಯನ್' ಅವರ ಮರಣಾನಂತರ 1977ರಲ್ಲಿ ಮಗ ಕ್ರಿಸ್ಟೋಫರ್ ಹೊರತಂದ ಗ್ರಂಥ.

ಆ ಪುರಾಣದಲ್ಲಿ ಸೃಷ್ಟಿ ಒಂದು ಮಹಾ ಮೇಳಗಾನವಾಗಿ ಆರಂಭವಾಗುತ್ತದೆ. ದೂತರಂಥ ಜೀವಿಗಳಲ್ಲಿ ಅತ್ಯಂತ ಪ್ರತಿಭಾವಂತನಾದ ಮೆಲ್ಕೋರ್ ಮೇಳವನ್ನು ಬಿಟ್ಟು ತನ್ನದೇ ರಾಗವನ್ನು ತೆಗೆಯುತ್ತಾನೆ, ಅಪಸ್ವರ ಹುಟ್ಟುತ್ತದೆ. ಮುಂದೆ ಅವನು ಮೂರು ಯುಗಗಳ ಕಾಲ ಸೆರೆಯಲ್ಲಿದ್ದು, ಬಿಡುಗಡೆಯ ದಿನ ದೈನ್ಯದಿಂದ ಕ್ಷಮೆ ಬೇಡುತ್ತಾನೆ. ಕೆಡುಕನ್ನೇ ಅರಿಯದ ರಾಜ ಮನ್ವೆ ಅದನ್ನು ನಂಬಿ ಬಿಡುತ್ತಾನೆ. ದೈನ್ಯ ನಟನೆಯಾಗಿತ್ತು.

ಮೆಲ್ಕೋರನ ಸೇವಕ ಸೌರೋನನ ಪ್ರಸಂಗ ಇದಕ್ಕಿಂತ ಸೂಕ್ಷ್ಮವಾದುದು. ಒಡೆಯನು ಸೋತಾಗ ಸೌರೋನ್ ವಿಜಯಿಗಳ ದೂತನ ಮುಂದೆ ಅಡ್ಡಬಿದ್ದು ತನ್ನ ದುಷ್ಕೃತ್ಯಗಳನ್ನೆಲ್ಲ ತೊರೆಯುವೆನೆನ್ನುತ್ತಾನೆ. ಅದು ಭಯದಿಂದ ಹುಟ್ಟಿದ್ದೇ ಆಗಿದ್ದರೂ ಆ ಕ್ಷಣಕ್ಕೆ ನಿಜವಾಗಿದ್ದಿರಬಹುದೆಂಬ ಸುಳಿವನ್ನು ಟೋಲ್ಕಿನ್ ಕೊಡುತ್ತಾರೆ. ನಮ್ಮ ಧರ್ಮೋಪದೇಶದ ಭಾಷೆಯಲ್ಲಿ ಇದು ಅಪೂರ್ಣ ಮನಸ್ತಾಪ. ಅಪೂರ್ಣವಾದರೂ ಅದು ಆರಂಭವೇ. ಆದರೆ ಆ ದೂತ, ತನ್ನ ಸಮಾನನನ್ನು ಕ್ಷಮಿಸುವ ಅಧಿಕಾರ ತನಗಿಲ್ಲ, ರಾಜನ ಬಳಿಗೆ ಹೋಗಿ ತೀರ್ಪು ಪಡೆಯಬೇಕು ಎನ್ನುತ್ತಾನೆ. ಅಲ್ಲಿಗೆ ಹೋದರೆ ಅವಮಾನ, ದೀರ್ಘಕಾಲದ ಸೇವೆ. ಸೌರೋನ್ ಹೋಗುವುದಿಲ್ಲ, ಮಧ್ಯಭೂಮಿಯಲ್ಲಿ ಅಡಗುತ್ತಾನೆ. ಮತ್ತೆ ಕೆಟ್ಟವನಾಗಲು ಅವನಿಗೆ ಹೆಚ್ಚು ಕಾಲ ಹಿಡಿಯುವುದಿಲ್ಲ. ದಾರಿಯಲ್ಲಿ ಸಿಕ್ಕಾಗ 'ತಪ್ಪಾಯಿತು ಫಾದರ್' ಎಂದು ಹೇಳಿ, ಪೀಠದ ಬಳಿಗೆ ಮಾತ್ರ ಬಾರದವರನ್ನು ಕಂಡಾಗಲೆಲ್ಲ ನಮಗೆ ಈ ಪುಟ ನೆನಪಾಗುತ್ತದೆ.

ಇದೇ ಕಥಾಮಾಲೆಯ ಗೊಲ್ಲುಮ್ ದೂತನಲ್ಲ. ಅವನಿಗೆ ರೆಕ್ಕೆಗಳಿಲ್ಲ. ಉಂಗುರದ ಆಸೆಗೆ ಬಂಧುವನ್ನು ಕೊಂದು, ಶತಮಾನಗಳ ಕಾಲ ಕತ್ತಲಲ್ಲಿ ಬದುಕಿ, ಮನುಷ್ಯತ್ವದ ಆಕಾರವನ್ನೇ ಕಳೆದುಕೊಂಡ ಬಡಪಾಯಿ. ಅವನಿಗೆ ಮರಳುವ ದಾರಿಯಿದೆ ಎಂದು ಕಥೆ ಕೊನೆಯವರೆಗೂ ನಂಬುತ್ತದೆ. ಕಡಿದಾದ ಮೆಟ್ಟಿಲುಗಳ ಮೇಲೆ ಫ್ರೋಡೋ ಮತ್ತು ಸ್ಯಾಮ್ ದಣಿದು ಮಲಗಿದ್ದಾರೆ. ಅವರನ್ನು ಹಿಡಿದುಕೊಡುವ ಸಂಚು ಹೂಡಿ ಹಿಂದಿರುಗಿದ ಗೊಲ್ಲುಮ್ ಆ ನಿದ್ರಿಸುವ ಮುಖಗಳನ್ನು ನೋಡುತ್ತಾ ನಿಲ್ಲುತ್ತಾನೆ. ಅವನ ಕಣ್ಣಿನ ಹಸಿರು ಬೆಳಕು ಆರುತ್ತದೆ. ನಡುಗುವ ಕೈ ಚಾಚಿ ಫ್ರೋಡೋನ ಮೊಣಕಾಲನ್ನು ಮುಟ್ಟುತ್ತಾನೆ. ಆ ಗಳಿಗೆಯಲ್ಲಿ ಅವನು ಬರೀ ಒಬ್ಬ ಹಸಿದ ಮುದುಕ. ಅಷ್ಟರಲ್ಲಿ ಸ್ಯಾಮನಿಗೆ ಎಚ್ಚರವಾಗುತ್ತದೆ. ಸ್ಯಾಮ್ ಒಳ್ಳೆಯವನು, ಸ್ವಾಮಿನಿಷ್ಠ. ಕಥೆಯ ನಿಜವಾದ ನಾಯಕನೇ ಅವನೆನ್ನುವವರಿದ್ದಾರೆ. ಅವನು ಒರಟಾಗಿ ಗದರುತ್ತಾನೆ, ಕಳ್ಳನೆನ್ನುತ್ತಾನೆ. ಗೊಲ್ಲುಮನ ಕಣ್ಣಲ್ಲಿ ಹಸಿರು ಬೆಳಕು ಮರಳುತ್ತದೆ. ಗಳಿಗೆ ಕಳೆದುಹೋಗುತ್ತದೆ. ಇಡೀ ಕಥೆಯಲ್ಲಿ ಇದಕ್ಕಿಂತ ದುರಂತಮಯವಾದ ಗಳಿಗೆ ಇರಲಾರದು ಎಂಬ ಅರ್ಥದಲ್ಲಿ ಟೋಲ್ಕಿನ್ ತಮ್ಮ ಪತ್ರವೊಂದರಲ್ಲಿ ಬರೆದುಕೊಂಡಿದ್ದಾರೆ.

ಓದುಗ ಬಂಧುಗಳೇ, ತೋಳಿನ ಮೇಲೆ ಕಪ್ಪು ರೆಕ್ಕೆಯ ದೂತನ ಹಚ್ಚೆಯಿರುವ ಯುವಕನೊಬ್ಬನ ಸಂಗತಿಯನ್ನು ಅವನ ಒಪ್ಪಿಗೆಯಿಂದಲೇ ಇಲ್ಲಿ ಹೇಳುತ್ತೇವೆ. ಪಾಪನಿವೇದನೆಯ ಹೊರಗೆ, ದೇವಾಲಯದ ಜಗಲಿಯಲ್ಲಿ ನಡೆದ ಮಾತಿದು. ಊರು ಬಿಟ್ಟು ದುಡಿಯಲು ಹೋದವನು, ಅಲ್ಲಿ ಕೆಲವು ವರ್ಷ ಕೆಟ್ಟ ದಾರಿ ಹಿಡಿದು, ತಂದೆಯ ಮರಣಕ್ಕೂ ಬಾರದೆ, ಕೊನೆಗೆ ಹಿಂದಿರುಗಿದ್ದ. ಬಲಿಪೂಜೆಗೆ ಬರುತ್ತಿದ್ದ, ಆದರೆ ಹೊರಗೆ ನಿಲ್ಲುತ್ತಿದ್ದ. ಒಳಗೆ ಬಂದ ಒಂದು ಭಾನುವಾರ ಹಿರಿಯರೊಬ್ಬರು ಆ ತೋಳನ್ನು ನೋಡಿ, "ಇದನ್ನು ಹೊತ್ತು ಪೀಠದ ಮುಂದೆ ಬರುತ್ತೀಯಾ?" ಎಂದುಬಿಟ್ಟರು. ಹಿರಿಯರು ಕೆಟ್ಟವರಲ್ಲ, ಜಪಸರ ಬಿಡದವರು. ಹುಡುಗ ನಾಲ್ಕು ತಿಂಗಳು ಮತ್ತೆ ಕಾಣಿಸಲಿಲ್ಲ. ಆ ಚಿತ್ರವನ್ನೇ ಏಕೆ ಆರಿಸಿಕೊಂಡೆ ಎಂದು ನಾವು ಕೇಳಿದಾಗ ಅವನು ಹೇಳಿದ್ದು: "ಅವನೂ ಮನೆಗೆ ಹೋಗಲಾಗದವನಲ್ಲವೇ ಫಾದರ್? ನನ್ನ ಹಾಗೆ." ನಾವು ಅವನಿಗೆ ಅಕ್ವಿನಾಸರ ಲಾಟೀನಿನ ಮಾತನ್ನು ನಮಗೆ ತಿಳಿದ ಸರಳ ಭಾಷೆಯಲ್ಲಿ ಹೇಳಿದೆವು. ದೂತನಿಗೆ ಮನೆಗೆ ಬರುವ ಮನಸ್ಸೇ ಇಲ್ಲ. ನಿನಗೆ ಮನಸ್ಸಿದೆ, ಅದಕ್ಕೇ ಅಳುತ್ತೀ. ಆ ಚಿತ್ರಕಾರ ಬರೆದದ್ದು ನಿನ್ನ ಮುಖವನ್ನು, ಅವನದನ್ನಲ್ಲ ಎಂದೆವು. ಅವನು ತನ್ನ ತೋಳನ್ನು ಹೊಸದಾಗಿ ನೋಡುವವನಂತೆ ನೋಡಿದ.

ಆದುದರಿಂದ ಗೋಡೆಯ ಚಿತ್ರದ ಬಗ್ಗೆ ಕೇಳುವ ತಾಯಂದಿರಿಗೆ ನಮ್ಮ ಉತ್ತರವಿದು. ಮಾರುಕಟ್ಟೆಯಲ್ಲಿ ಸಿಗುವ ಇಂಥ ಚಿತ್ರಗಳಲ್ಲಿ ಬಹುಪಾಲು ಕಲೆಯೇ ಅಲ್ಲ, ಸರಕು. ಸ್ನಾಯು, ಖಡ್ಗ, ಗರಿ, ಹೊಗೆ. ಕೆಲವು ಕೆಡುಕನ್ನೇ ವೀರವೆಂದು ಮೆರೆಸುತ್ತವೆ. ಸೈತಾನನ ಆರಾಧನೆಯ ಗುರುತುಗಳನ್ನು ಹೊತ್ತವೂ ಇವೆ. ಅವು ಮನೆಗೆ ಬೇಡ, ಅದರಲ್ಲಿ ರಾಜಿಯಿಲ್ಲ. ದೀಕ್ಷಾಸ್ನಾನದಲ್ಲಿ ಸೈತಾನನನ್ನೂ ಅವನ ಆಡಂಬರವನ್ನೂ ತ್ಯಜಿಸಿದವರು ನಾವು. ಆದರೆ ಹರಿಯುವ ಮುನ್ನ ಮಗನ ಪಕ್ಕದಲ್ಲಿ ಒಂದಿಷ್ಟು ಹೊತ್ತು ಕುಳಿತು ಆ ಮುಖವನ್ನು ಅವನೊಡನೆ ನೋಡಿ. ಇವನು ಅಳುತ್ತಿದ್ದಾನೆಯೇ, ನಗುತ್ತಿದ್ದಾನೆಯೇ ಎಂದು ಕೇಳಿ. ಹುಡುಗ ಕೊಡುವ ಉತ್ತರದಲ್ಲಿ ಚಿತ್ರದ ವಿಷಯಕ್ಕಿಂತ ಅವನ ವಿಷಯವೇ ಹೆಚ್ಚಿರುತ್ತದೆ.

ಯುವಜನರ ಸಭೆಯಲ್ಲಿ ಕೊನೆಗೊಬ್ಬ ಕೇಳಿದ ಪ್ರಶ್ನೆ ಉಳಿದಿದೆ: ಸೈತಾನನಿಗಾಗಿ ಪ್ರಾರ್ಥಿಸಬಹುದೇ? ಧರ್ಮಸಭೆ ಹಾಗೆ ಪ್ರಾರ್ಥಿಸುವುದಿಲ್ಲ. ಆದರೆ ಏಳನೆಯ ಶತಮಾನದಲ್ಲಿ, ಇಂದಿನ ಕತಾರ್ ಇರುವ ಸೀಮೆಯಲ್ಲಿ ಹುಟ್ಟಿ, ನಿನೆವೆಯ ಧರ್ಮಾಧ್ಯಕ್ಷರಾಗಿ, ಬೇಗನೆ ಆ ಪದವಿಯನ್ನು ಬಿಟ್ಟು ಏಕಾಂತ ಸೇರಿದ ಈಸಾಕ್ ಎಂಬ ಸನ್ಯಾಸಿಯಿದ್ದರು. ಕರುಣೆಯುಳ್ಳ ಹೃದಯ ಯಾವುದೆಂದು ಕೇಳಿದವರಿಗೆ ಅವರು ಕೊಟ್ಟ ಉತ್ತರದಲ್ಲಿ ಮನುಷ್ಯರ ಜೊತೆ ಹಕ್ಕಿಗಳಿವೆ, ಮೃಗಗಳಿವೆ, ದೆವ್ವಗಳೂ ಇವೆ. ಅವೆಲ್ಲವನ್ನು ನೆನೆದು ಅಂಥ ಹೃದಯ ಕಣ್ಣೀರಿಡುತ್ತದೆ ಎಂದರು. 2024ರ ನವೆಂಬರಿನಲ್ಲಿ ಅಂದಿನ ಪೋಪ್ ಫ್ರಾನ್ಸಿಸರು ಈ ಈಸಾಕರ ಹೆಸರನ್ನು ರೋಮನ್ ಸಂತರ ಪಟ್ಟಿಗೆ ಸೇರಿಸುವುದಾಗಿ ಘೋಷಿಸಿದರು. ಅವರ ಕಣ್ಣೀರನ್ನು ಸಿದ್ಧಾಂತವಾಗಿಸುವ ಅಗತ್ಯವಿಲ್ಲವೆಂದು ನಾವು ಆ ಯುವಕನಿಗೆ ಹೇಳಿದೆವು.

ನಮ್ಮ ಧರ್ಮಕೇಂದ್ರದಲ್ಲಿ ಪ್ರತಿ ಶನಿವಾರ ಸಂಜೆ 5ರಿಂದ 6.30ರವರೆಗೆ ಪಾಪನಿವೇದನೆಗೆ ಕುಳಿತಿರುತ್ತೇವೆ. ಹಚ್ಚೆಯಿರುವವರು ಅಂಗಿಯ ತೋಳನ್ನು ಇಳಿಸಿಕೊಂಡು ಬರಬೇಕೆಂದೇನೂ ಇಲ್ಲ.